ಎರಡು ಮಿಲಿಮೀಟರ್ ದುಃಖ

ಟೈರಿನಂಗಡಿಯಲ್ಲಿ ಕಾರು ಜ್ಯಾಕಿನ ಮೇಲೆ ಏರಿ ನಿಂತ ಮೇಲೆ ಗಿರಾಕಿಗೆ ಎದುರಾಗುವ ಪ್ರಶ್ನೆ ಹೆಚ್ಚುಕಡಿಮೆ ಎಲ್ಲ ಊರಲ್ಲೂ ಒಂದೇ: "ಇದೇ ಸೈಜು ಹಾಕೋದಾ ಸಾರ್, ಇಲ್ಲ ಒಂದ್ ಸೈಜು ಮೇಲಕ್ಕೆ ಹೋಗೋಣ್ವಾ?" ಗೋಡೆಗೆ ತೂಗುಹಾಕಿದ ಅಲಾಯ್ ವೀಲುಗಳು ಆಗತಾನೆ ಹುಣಸೆಹಣ್ಣು ಹಾಕಿ ಬೆಳಗಿಟ್ಟ ಪ್ರಭಾವಳಿಯ ಹಾಗೆ ಹೊಳೆಯುತ್ತಿರುತ್ತವೆ. ಕೆಳಗೆ ನೆಲದ ಮೇಲೆ, ಸವೆದು ನುಣ್ಣಗಾದ ನಾಲ್ಕು ಹಳೆಯ ಟೈರುಗಳು ಬಿದ್ದಿರುತ್ತವೆ. ದುಡ್ಡು ಕೊಡುವವನು ಮೇಲೆ ನೋಡುತ್ತಾನೆ, ಕೆಳಗೆ ನೋಡುತ್ತಾನೆ, ಆಮೇಲೆ ಹೆಂಡತಿಯ ಮುಖ ನೋಡುತ್ತಾನೆ. ಇದು ಬರೀ ವ್ಯಾಪಾರದ ಮಾತು, ತತ್ತ್ವಜ್ಞಾನಕ್ಕೆ ಇಲ್ಲಿ ಏನು ಕೆಲಸ ಎನ್ನಿಸಬಹುದು. ಆದರೆ ಆ ಪ್ರಶ್ನೆಯ ಹೊಟ್ಟೆಯೊಳಗೆ ಇನ್ನೊಂದು ಬಹಳ ಹಳೆಯ ಪ್ರಶ್ನೆ ಕೂತಿದೆ. ಸುಖ ಇರುವುದು ಈಗ ಇರುವುದಕ್ಕಿಂತ ಹೆಚ್ಚಿನದರಲ್ಲೋ, ಒಂದಕ್ಕೊಂದು ಸರಿಯಾಗಿ ಕೂರುವುದರಲ್ಲೋ? ಎರಡನೆಯದೇ ಸರಿ ಎಂಬುದು ನನ್ನ ವಾದ. ಈ ವಾದಕ್ಕೆ ಮಠಮಂದಿರಗಳ ಉಪನ್ಯಾಸಕ್ಕಿಂತ ಟೈರಿನಂಗಡಿಯೇ ಒಳ್ಳೆಯ ಪರೀಕ್ಷಾಸ್ಥಳ. ಯಾಕೆಂದರೆ ಅಲ್ಲಿ ಸುಖವನ್ನು ಅಳತೆಪಟ್ಟಿ ಹಿಡಿದು ಅಳೆಯಬಹುದು.

ಅಳೆಯಬಹುದು ಎಂಬುದು ಚಮತ್ಕಾರಕ್ಕೆ ಹೇಳಿದ ಮಾತಲ್ಲ. ನಾವು ದಿನಕ್ಕೆ ಹತ್ತು ಸಲ ಆಡುವ ಸುಖ ಎಂಬ ಪದವೇ ಗಾಲಿಯಿಂದ ಹುಟ್ಟಿತು ಎಂದು ಹೇಳುವ ವಿದ್ವಾಂಸರಿದ್ದಾರೆ. 'ಖ' ಎಂದರೆ ತೂತು, ಪೊಳ್ಳು. ರಥದ ಗಾಲಿಯ ನಡುವಣ ಗುಂಬದಲ್ಲಿ ಅಚ್ಚು ತೂರುವ ತೂತು. ಆ ತೂತು ಚೆನ್ನಾಗಿದ್ದರೆ 'ಸು-ಖ', ಕೆಟ್ಟಿದ್ದರೆ 'ದುಃ-ಖ'. ಋಗ್ವೇದದಲ್ಲಿ 'ಸುಖ' ಎಂಬುದು ರಥಕ್ಕೆ ವಿಶೇಷಣವಾಗಿ ಬರುತ್ತದೆ. ಹಗುರವಾಗಿ, ತಡೆಯಿಲ್ಲದೆ ಓಡುವ ರಥ ಸುಖವಾದ ರಥ. ಮನಸ್ಸಿನ ಒಂದು ಸ್ಥಿತಿಗೆ ಆ ಹೆಸರು ಅಂಟಿಕೊಂಡದ್ದು ಆಮೇಲೆ. ಎತ್ತಿನ ಬಂಡಿ ನೋಡಿದವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಗುಂಬದ ತೂತು ಸವೆದು ಅಗಲವಾದರೆ ಗಾಲಿ ಅಚ್ಚಿನ ಮೇಲೆ ಎಡಕ್ಕೂ ಬಲಕ್ಕೂ ವಾಲಾಡುತ್ತದೆ. ತೂತು ಬಿಗಿಯಾದರೆ ಎಷ್ಟು ಕೀಲೆಣ್ಣೆ ಹಾಕಿದರೂ ಕಿರ್ರೆನ್ನುವುದು ನಿಲ್ಲದು, ಎತ್ತು ಸುಸ್ತಾಗುತ್ತದೆ. ಎರಡರಲ್ಲೂ ತೊಂದರೆಯಿರುವುದು ಗಾಲಿಯೊಂದರಲ್ಲೇ ಅಲ್ಲ, ಅಚ್ಚೊಂದರಲ್ಲೇ ಅಲ್ಲ, ಅವೆರಡರ ನಡುವೆ. ವಿಚಿತ್ರ ನೋಡಿ, ನಮ್ಮಲ್ಲಿ ಎಲ್ಲರಿಗೂ ಗೊತ್ತಿರುವ ರಥದ ರೂಪಕ ಕಠೋಪನಿಷತ್ತಿನದು. ಅಲ್ಲಿ ದೇಹ ರಥ, ಆತ್ಮ ರಥಿಕ, ಬುದ್ಧಿ ಸಾರಥಿ, ಮನಸ್ಸು ಲಗಾಮು, ಇಂದ್ರಿಯಗಳು ಕುದುರೆ, ವಿಷಯಗಳು ದಾರಿ. ಎಲ್ಲಕ್ಕೂ ಒಂದೊಂದು ಸ್ಥಾನ ಸಿಕ್ಕಿದೆ, ಗಾಲಿಗೆ ಮಾತ್ರ ಇಲ್ಲ. ಯಾರು ಓಡಿಸುತ್ತಾರೆ, ಯಾರು ಎಳೆಯುತ್ತಾರೆ ಎಂಬ ವಿಚಾರದಲ್ಲಿ ಮುಳುಗಿದ ಋಷಿ, ರಥ ನೆಲವನ್ನು ಎಲ್ಲಿ ಮುಟ್ಟುತ್ತದೆ ಎಂದು ಬಗ್ಗಿ ನೋಡಲಿಲ್ಲ. ಇವತ್ತಿನ ಕಾರಿನ ಯಜಮಾನನೂ ಅದನ್ನೇ ಮಾಡುತ್ತಾನೆ. ಎಂಜಿನ್ನಿನ ಬಗ್ಗೆ ಗಂಟೆಗಟ್ಟಲೆ ಮಾತಾಡುವವನಿಗೆ ತನ್ನ ಟೈರಿನ ಮೇಲೆ ಏನು ಬರೆದಿದೆ ಎಂದು ಕೇಳಿದರೆ ಕಂಪನಿಯ ಹೆಸರಷ್ಟೇ ಗೊತ್ತಿರುತ್ತದೆ.

ಏನು ಬರೆದಿದೆ ಎಂದು ನೋಡೋಣ. ಮಾರುತಿಯ ಸ್ವಿಫ್ಟ್, ಡಿಜೈರ್, ಬಲೆನೊ ನಮ್ಮ ಸಂಸಾರಸ್ಥರ ಮನೆ ಮುಂದೆ ನಿಂತಿರುವ ಸಾಮಾನ್ಯ ಕಾರುಗಳು. ಸ್ವಿಫ್ಟ್, ಡಿಜೈರ್‌ಗಳ ಕಡಿಮೆ ದರದ ಮಾದರಿಗೆ 165/80 ಆರ್14, ಮೇಲಿನದಕ್ಕೆ 185/65 ಆರ್15, ಬಲೆನೊದ ಮೇಲ್ದರ್ಜೆಗೆ 195/55 ಆರ್16 ಅಳತೆಯ ಟೈರುಗಳು ಬಂದಿವೆ. ಮೊದಲ ಸಂಖ್ಯೆ ಟೈರಿನ ಅಗಲ, ಮಿಲಿಮೀಟರಿನಲ್ಲಿ. ಎರಡನೆಯದು ಆ ಅಗಲದ ಶೇಕಡಾ ಎಷ್ಟು ಪಾಲು ಟೈರಿನ ಪಕ್ಕೆಯ ಎತ್ತರ ಎಂಬುದು. ಕೊನೆಯದು ರಿಮ್ಮಿನ ವ್ಯಾಸ, ಇಂಚಿನಲ್ಲಿ. ನೋಡಿದರೆ ಮೂರೂ ಬೇರೆ ಬೇರೆ. ಆದರೆ ಲೆಕ್ಕ ಹಾಕಿದರೆ ಮೊದಲನೆಯದರ ಪೂರ್ತಿ ವ್ಯಾಸ ಸುಮಾರು 620 ಮಿಲಿಮೀಟರ್, ಎರಡನೆಯದರದು 621, ಮೂರನೆಯದರದು ಮತ್ತೆ 621. ಅಂದರೆ ರಿಮ್ಮು ದೊಡ್ಡದಾದಷ್ಟೂ ರಬ್ಬರಿನ ಪಕ್ಕೆ ಕುಗ್ಗಿ, ಒಟ್ಟು ಗಾಲಿ ಅಷ್ಟೇ ಉಳಿಯುವ ಹಾಗೆ ಎಂಜಿನಿಯರುಗಳು ನೋಡಿಕೊಂಡಿದ್ದಾರೆ. ಅಂಗಡಿಯವನು 'ಮೇಲಕ್ಕೆ ಹೋಗೋಣ' ಎಂದಾಗ ಗಿರಾಕಿಗೆ ಏನೋ ಹೆಚ್ಚಿಗೆ ಸಿಕ್ಕಿತು ಎನ್ನಿಸುತ್ತದೆ. ನಿಜದಲ್ಲಿ ಸಿಕ್ಕಿದ್ದು ಅದಲುಬದಲು. 185/65 ಆರ್15ರಲ್ಲಿ ರಿಮ್ಮಿಗೂ ರಸ್ತೆಗೂ ನಡುವೆ 120 ಮಿಲಿಮೀಟರ್ ರಬ್ಬರು, ಗಾಳಿ ಇರುತ್ತದೆ. ಅದೇ ಕಾರಿಗೆ 205/45 ಆರ್17 ಹಾಕಿದರೆ ಉಳಿಯುವುದು 92. ತಿರುವಿನಲ್ಲಿ ಕಾರು ಚುರುಕಾಗಿ ತಿರುಗಬಹುದು. ಆದರೆ ಮಳೆಗಾಲ ಕಳೆದ ಮೇಲೆ ನಮ್ಮ ರಸ್ತೆಗಳಲ್ಲಿ ಬಾಯಿ ತೆರೆದ ಗುಂಡಿಗೆ ಗಾಲಿ ಇಳಿದಾಗ ಹೊಡೆತ ತಿನ್ನಲು 28 ಮಿಲಿಮೀಟರ್ ಮೆತ್ತೆ ಕಡಿಮೆ. ರಿಮ್ಮು ಸೊಟ್ಟಗಾಗುವುದು, ಪಕ್ಕೆಯಲ್ಲಿ ನೆಲ್ಲಿಕಾಯಿ ಗಾತ್ರದ ಗುಳ್ಳೆ ಏಳುವುದು ಇಲ್ಲಿಂದಲೇ. ಒಟ್ಟು ವ್ಯಾಸವೂ ಬದಲಾಗುವಂತೆ 205/50 ಆರ್17 ಹಾಕಿದರಂತೂ ಗಾಲಿ ಸುಮಾರು ಶೇ. 2.5ರಷ್ಟು ದೊಡ್ಡದಾಗುತ್ತದೆ. ಆಗ ಸ್ಪೀಡೋಮೀಟರು ತನಗೆ ಗೊತ್ತಿಲ್ಲದೆಯೇ ಕಡಿಮೆ ವೇಗ ತೋರಿಸುತ್ತ ಹೋಗುತ್ತದೆ.

ಇನ್ನು ತೂತಿನ ವಿಷಯ. ನಾನು ಹೇಳಬೇಕೆಂದಿರುವ ಮುಖ್ಯ ಸಂಗತಿ ಇರುವುದು ಇಲ್ಲಿ. ಸ್ವಿಫ್ಟಿನ ಗಾಲಿಗೆ ನಾಲ್ಕು ನಟ್ಟುಗಳು, ಅವು ಕೂರುವ ವೃತ್ತದ ವ್ಯಾಸ 100 ಮಿಲಿಮೀಟರ್. ಹೋಂಡಾ ಸಿಟಿಗೂ ಅಷ್ಟೇ, ನಾಲ್ಕು ನಟ್ಟು, 100 ಮಿಲಿಮೀಟರ್. ಆದ್ದರಿಂದ ಹೋಂಡಾಗೆಂದು ಮಾಡಿದ ಅಲಾಯ್ ವೀಲು ಸ್ವಿಫ್ಟಿಗೆ ಕೂರುತ್ತದೆ, ನಟ್ಟು ಬಿಗಿಯುತ್ತದೆ, ಕಾರು ಓಡುತ್ತದೆ. ಸೆಕೆಂಡ್ ಹ್ಯಾಂಡ್ ವೀಲು ಮಾರುವವನು "ಫೋರ್ ಇಂಟು ಹಂಡ್ರೆಡ್ ಸಾರ್, ಕಣ್ಣು ಮುಚ್ಚಿ ಹಾಕಿ" ಎನ್ನುವುದು ಈ ಧೈರ್ಯದ ಮೇಲೆ. ಆದರೆ ಗಾಲಿಯ ನಟ್ಟನಡುವೆ ಇನ್ನೊಂದು ತೂತಿದೆ, ಅಚ್ಚಿನ ತುದಿಯ ಹಬ್ಬಿಗೆ ತೊಡಿಸುವ ತೂತು. ಸ್ವಿಫ್ಟಿನಲ್ಲಿ ಅದರ ವ್ಯಾಸ 54.1 ಮಿಲಿಮೀಟರ್, ಹೋಂಡಾದ ಗಾಲಿಯಲ್ಲಿ 56.1. ಎರಡು ಮಿಲಿಮೀಟರ್ ವ್ಯತ್ಯಾಸ. ಹಬ್ಬಿನ ಸುತ್ತ ಬರುವ ಸಂದು ಒಂದೊಂದು ಮಿಲಿಮೀಟರ್, ಒಂದು ಎಟಿಎಂ ಕಾರ್ಡು ತೂರುವಷ್ಟು. ಅಷ್ಟು ಸಾಕು. ಗಾಲಿಯ ಕೇಂದ್ರ ಹಬ್ಬಿನ ಕೇಂದ್ರಕ್ಕೆ ತಾನಾಗಿ ಬಂದು ಕೂರಲಾರದು. ನಟ್ಟು ಬಿಗಿಯುವಾಗ ಕೂದಲೆಳೆಯಷ್ಟು ಅತ್ತಿತ್ತ ಆದರೂ ಗಾಲಿ ತಪ್ಪು ಬಿಂದುವಿನ ಸುತ್ತ ತಿರುಗುತ್ತದೆ. ಊರೊಳಗೆ ಏನೂ ಗೊತ್ತಾಗುವುದಿಲ್ಲ. ಹೆದ್ದಾರಿಗೆ ಇಳಿದು ವೇಗ ಏರಿದಾಗ ಸ್ಟೇರಿಂಗ್ ನಡುಗುತ್ತದೆ. ಮಾಲೀಕ ಬ್ಯಾಲೆನ್ಸಿಂಗ್ ಮಾಡಿಸುತ್ತಾನೆ, ಅಲೈನ್‌ಮೆಂಟ್ ಮಾಡಿಸುತ್ತಾನೆ, ಟೈರಿನ ಕಂಪನಿಗೆ ಶಾಪ ಹಾಕುತ್ತಾನೆ. ಕಾರಣ ಇರುವುದು ನಡುವಣ ತೂತಿನಲ್ಲಿ. ಇದಕ್ಕಿಂತ ಅಕ್ಷರಶಃ ದುಃ-ಖ ಎಲ್ಲಿ ಸಿಕ್ಕೀತು? ಇದರ ಪರಿಹಾರವೂ ಅಷ್ಟೇ ಸಣ್ಣದು. ಆ ಸಂದಿಗೆ ಸರಿಯಾಗಿ ತುಂಬುವ ಒಂದು ಉಂಗುರ ಸಿಗುತ್ತದೆ, ಪ್ಲಾಸ್ಟಿಕ್ಕಿನದೋ ಅಲ್ಯುಮಿನಿಯಮ್ಮಿನದೋ. ಅದನ್ನು ಕೂರಿಸಿ ಬಿಗಿದರೆ ಗಾಲಿ ತನ್ನ ನಡುವನ್ನು ಕಂಡುಕೊಳ್ಳುತ್ತದೆ. ಸಾವಿರಾರು ರೂಪಾಯಿಯ ವೀಲು ಕೊಡಲಾರದ ಸುಖವನ್ನು ಆ ಬಳೆ ಕೊಡುತ್ತದೆ.

ಇಲ್ಲಿಗೆ ಒಂದು ಆಕ್ಷೇಪಣೆ ಬರಲೇಬೇಕು. ಪದದ ವ್ಯುತ್ಪತ್ತಿ ಹಿಡಿದು ತತ್ತ್ವ ಕಟ್ಟುವುದು ಸಂಸ್ಕೃತ ಬಲ್ಲವರ ಹಳೆಯ ಚಾಳಿ. ಪದ ಎಲ್ಲಿಂದ ಬಂತು ಎಂಬುದರಿಂದ ವಸ್ತು ಏನು ಎಂದು ತೀರ್ಮಾನವಾಗುವುದಿಲ್ಲ. ನಿಜ. ಅದರ ಮೇಲೆ ಈ ವ್ಯುತ್ಪತ್ತಿ ಸರ್ವಸಮ್ಮತವೂ ಅಲ್ಲ. ಯಾಸ್ಕನ ನಿರುಕ್ತ 'ಖ'ವನ್ನು ಇಂದ್ರಿಯ ಎಂದು ತೆಗೆದುಕೊಂಡು, ಇಂದ್ರಿಯಗಳಿಗೆ ಹಿತವಾದದ್ದು ಸುಖ ಎಂದು ಬಿಡಿಸುತ್ತದೆ. 1899ರ ಮೋನಿಯರ್ ವಿಲಿಯಮ್ಸ್ ನಿಘಂಟು ಸುಖಕ್ಕೆ ಅಚ್ಚಿನ ತೂತಿನ ಅರ್ಥವನ್ನು ಹೇಳುತ್ತದೆ, ಆದರೆ ದುಃಖದ ವಿಷಯದಲ್ಲಿ ಅದು 'ದುಃಸ್ಥ' ಎಂಬುದರ ಪ್ರಾಕೃತ ರೂಪವಾಗಿರುವ ಸಂಭವವೇ ಹೆಚ್ಚು ಎನ್ನುತ್ತದೆ. ಹಾಗಿದ್ದರೂ ನನ್ನ ವಾದ ಬೀಳುವುದಿಲ್ಲ, ಏಕೆಂದರೆ ಅದು ನಿಂತಿರುವುದು ನಿಘಂಟಿನ ಮೇಲಲ್ಲ, 54.1ರ ಮೇಲೆ. ವ್ಯುತ್ಪತ್ತಿ ಬೊಟ್ಟು ಮಾಡಿ ತೋರಿಸಿತು, ಅಷ್ಟೇ. ಕುತೂಹಲದ ಮಾತೆಂದರೆ 'ದುಃಸ್ಥ' ಎಂದರೂ ಅರ್ಥ ಬಹಳ ದೂರ ಹೋಗುವುದಿಲ್ಲ: ಕೆಟ್ಟದಾಗಿ ನಿಂತದ್ದು, ಸರಿಯಾಗಿ ಕೂರದ್ದು. ಯಾಸ್ಕನ ಅರ್ಥವೂ ಸಂಬಂಧದ ಅರ್ಥವೇ. ಹಿತ ಎನ್ನುವುದು ಯಾವುದೋ ಒಂದಕ್ಕೆ ಹಿತ. ತನ್ನಷ್ಟಕ್ಕೇ ಹಿತವಾದ ವಸ್ತು ಇಲ್ಲ. ಬೌದ್ಧರ ಮಿಲಿಂದಪ್ರಶ್ನೆಯಲ್ಲಿ ಭಿಕ್ಷು ನಾಗಸೇನ ಯವನರಾಜ ಮಿಲಿಂದನನ್ನು ಸಿಕ್ಕಿಸುವುದು ಇದೇ ಜಾಗದಲ್ಲಿ. ನೀನು ಬಂದ ರಥ ಯಾವುದು? ಗಾಲಿಯೇ, ಅಚ್ಚೇ, ಮೂಕಿಯೇ, ನೊಗವೇ? ಯಾವುದೂ ಅಲ್ಲ, ಅವೆಲ್ಲ ಒಂದು ರೀತಿಯಲ್ಲಿ ಕೂಡಿಕೊಂಡದ್ದಕ್ಕೆ ರಥ ಎಂಬ ಹೆಸರು. ಅಲ್ಲಿ ನಾಗಸೇನ ಹೊರಟಿದ್ದು ಆತ್ಮ ಇಲ್ಲ ಎಂದು ತೋರಿಸಲು. ನಮಗೆ ಅಷ್ಟು ದೂರ ಹೋಗುವುದು ಬೇಡ. ಭಾಗಗಳನ್ನು ಒಂದೊಂದಾಗಿ ಉತ್ತಮಗೊಳಿಸಿದರೆ ಇಡೀ ಉತ್ತಮವಾಗುತ್ತದೆ ಎಂಬ ನಂಬಿಕೆ ತಪ್ಪು ಎಂದು ಅರ್ಥವಾದರೆ ಸಾಕು.

ಆ ನಂಬಿಕೆ ಎಷ್ಟು ಆಳವಾಗಿ ಬೇರೂರಿದೆ ಎಂದರೆ, ಅಗಲವಾದ ಟೈರು ಹಾಕಿದರೆ ರಸ್ತೆಯ ಮೇಲೆ ಹೆಚ್ಚು ರಬ್ಬರು ಊರುತ್ತದೆ ಎಂದು ಬಹುತೇಕ ಎಲ್ಲರೂ ನಂಬುತ್ತಾರೆ. ಒಂದು ಸಣ್ಣ ಲೆಕ್ಕ ಮಾಡಬಹುದು. ಸಂಸಾರ, ಸಾಮಾನು ಎಲ್ಲ ತುಂಬಿಕೊಂಡು 1,400 ಕಿಲೋ ತೂಗುವ ಕಾರು, ಟೈರಿನಲ್ಲಿ 33 ಪಿಎಸ್‌ಐ ಗಾಳಿ. ಅಂದರೆ ಪ್ರತಿ ಚದರ ಸೆಂಟಿಮೀಟರಿಗೆ ಹತ್ತಿರ ಹತ್ತಿರ 2.3 ಕಿಲೋ ಒತ್ತಡ. ಆ ತೂಕವನ್ನು ಹೊರಲು ಬೇಕಾದ ಜಾಗ ಸುಮಾರು 600 ಚದರ ಸೆಂಟಿಮೀಟರ್. ಒಂದು ಎ4 ಹಾಳೆಯ ವಿಸ್ತೀರ್ಣ 624. ಇಡೀ ಕಾರು, ಒಳಗೆ ಮಲಗಿರುವ ಮಗು, ಡಿಕ್ಕಿಯಲ್ಲಿರುವ ಅಕ್ಕಿಮೂಟೆ, ಎಲ್ಲವೂ ಒಂದು ಬಿಳಿ ಹಾಳೆಯಷ್ಟು ಜಾಗದ ಮೇಲೆ ನಿಂತು ಗಂಟೆಗೆ ನೂರು ಕಿಲೋಮೀಟರಿನಲ್ಲಿ ಹೋಗುತ್ತಿವೆ. ಒಂದೊಂದು ಟೈರಿನ ಪಾಲಿಗೆ ಬರುವುದು ಒಂದು ಅಂಗೈಯಷ್ಟು. ಗಾಳಿಯ ಒತ್ತಡ ಅಷ್ಟೇ ಇದ್ದರೆ, ಟೈರು ಅಗಲವಾದ ಮಾತ್ರಕ್ಕೆ ಆ ಜಾಗ ಹೇಳಿಕೊಳ್ಳುವಷ್ಟು ಹೆಚ್ಚುವುದಿಲ್ಲ. ಅದರ ಆಕಾರ ಬದಲಾಗುತ್ತದೆ, ಉದ್ದ ಕಡಿಮೆಯಾಗಿ ಅಗಲ ಹೆಚ್ಚುತ್ತದೆ. ಒಣ ರಸ್ತೆಯ ತಿರುವಿನಲ್ಲಿ ಇದರಿಂದ ಲಾಭವಿರಬಹುದು. ನೀರು ನಿಂತ ರಸ್ತೆಯಲ್ಲಿ ಅಗಲವಾದ ಟೈರು ನೀರಿನ ಮೇಲೆ ತೇಲುವ ಸಾಧ್ಯತೆಯೂ ಜಾಸ್ತಿ. ದೋಣಿಯ ತಳ ಅಗಲವಾದಷ್ಟೂ ಚೆನ್ನಾಗಿ ತೇಲುವಂತೆ. ಶಿರಾಡಿ ಘಾಟಿಯನ್ನು ಆಷಾಢದಲ್ಲಿ ಇಳಿಯುವ ಕಾರಿಗೆ ತೇಲುವ ಗುಣ ಬೇಕಿಲ್ಲ. 'ಯುಕ್ತ' ಎಂಬ ಪದವನ್ನು ನೆನೆಯಬೇಕಾದದ್ದು ಇಲ್ಲಿ. ನೊಗಕ್ಕೆ ಹೂಡುವುದು ಎಂಬ ಧಾತುವಿನಿಂದಲೇ ಯುಕ್ತವೂ ಬಂತು, ಯೋಗವೂ ಬಂತು. ಗೀತೆಯ ಆರನೆಯ ಅಧ್ಯಾಯ ದುಃಖ ಕಳೆಯುವ ಯೋಗಕ್ಕೆ ಕೇಳುವುದು ಉಪವಾಸವನ್ನಲ್ಲ. ಯುಕ್ತವಾದ ಊಟ, ಯುಕ್ತವಾದ ಓಡಾಟ, ಯುಕ್ತವಾದ ನಿದ್ದೆ ಎಚ್ಚರಗಳನ್ನು. ಜೈನ ಗೃಹಸ್ಥರ ಅಣುವ್ರತಗಳಲ್ಲೂ ಪರಿಗ್ರಹಕ್ಕೆ ಒಂದು ಪರಿಮಾಣ ಹಾಕಿಕೊಳ್ಳಿ ಎಂದಿದೆ. ಮುನಿಗೆ ಪೂರ್ತಿ ತ್ಯಾಗ, ಸಂಸಾರಿಗೆ ಅಳತೆ. ಸಂಸಾರಿಯ ಕಾರಿಗೂ ಅಷ್ಟೇ.

ಚೆಂದದ ಪರವಾಗಿ ಮಾತಾಡುವವರು ಸುಮ್ಮನಿರಲಾರರು, ಇರಲೂಬಾರದು. ಎಲ್ಲವನ್ನೂ ಉಪಯೋಗದ ತಕ್ಕಡಿಯಲ್ಲಿ ತೂಗಿದರೆ ಬದುಕು ಪಡಸಾಲೆಯಿಲ್ಲದ ಮನೆಯಾಗುತ್ತದೆ. ಕಾರು ಚೆನ್ನಾಗಿ ಕಾಣಲಿ ಎಂದು ಬಯಸುವುದು ಪಾಪವಲ್ಲ. ಹಂಪಿಯ ವಿಠ್ಠಲ ದೇವಸ್ಥಾನದ ಕಲ್ಲಿನ ರಥದ ಗಾಲಿಗಳನ್ನು ನೋಡಿ, ಹೂವಿನ ಎಸಳುಗಳು ಸುತ್ತು ಸುತ್ತಾಗಿ ಅರಳಿದಂತೆ ಕೆತ್ತಿದ್ದಾರೆ. ಅದಕ್ಕಿಂತ ಚೆಲುವಾದ ಗಾಲಿ ಯಾವ ಷೋರೂಮಿನಲ್ಲೂ ಇಲ್ಲ. ಆದರೆ ಅದು ಗರುಡನ ಗುಡಿ, ಓಡುವ ಬಂಡಿಯಲ್ಲ. ಅಲ್ಲಿ ಚೆಲುವಿಗೆ ಯಾರ ಅಪ್ಪಣೆಯೂ ಬೇಕಿಲ್ಲ. ಬೀದಿಯಲ್ಲಿ ಎಳೆಯುವ ತೇರಿನ ಮರದ ಗಾಲಿಗಳನ್ನು ನೋಡಿ: ದಪ್ಪ ಹಲಗೆ ಜೋಡಿಸಿ ಕಬ್ಬಿಣದ ಪಟ್ಟಿ ಬಿಗಿದದ್ದು, ಕೆತ್ತನೆಗಿಂತ ಬಣ್ಣವೇ ಹೆಚ್ಚು. ಕೆತ್ತನೆಯೆಲ್ಲ ಮೇಲಿನ ಅಡ್ಡೆಯಲ್ಲಿ. ಎಲ್ಲಿ ಭಾರ ಹೊರಬೇಕೋ ಅಲ್ಲಿ ಚೆಲುವು ಭಾರದ ಮಾತು ಕೇಳಬೇಕು ಎಂದು ತೇರಿನ ಬಡಗಿಗೆ ಗೊತ್ತಿತ್ತು. ಹೊಂದಿಕೆಯ ಮಿತಿಯೊಳಗೆ ಚೆಲುವಿಗೆ ಬೇಕಾದಷ್ಟು ಜಾಗವಿದೆ. ಕಂಪನಿಯೇ 14, 15, 16 ಇಂಚು ಮೂರನ್ನೂ ಕೊಟ್ಟಿರುವಾಗ ಹದಿನಾಲ್ಕರಿಂದ ಹದಿನೈದಕ್ಕೆ ಏರುವುದು ಕಂಪನಿ ಒಪ್ಪಿದ ಅಲಂಕಾರ. ಹದಿನೇಳಕ್ಕೆ ಹಾರಿ, ಗಾಲಿ ಮಡ್‌ಗಾರ್ಡಿನಿಂದ ಆಚೆ ಚಾಚಿ, ತಿರುಗಿಸಿದಾಗ ಒಳಗೆ ಉಜ್ಜಿ, ಬೇರಿಂಗಿಗೆ ಅಡ್ಡಭಾರ ಬೀಳುವಂತೆ ಮಾಡಿಕೊಳ್ಳುವುದು ಚೆಲುವನ್ನು ಅರಸಿ ಹೋಗಿ ತಲುಪುವ ಅವಲಕ್ಷಣ.

ಇದಕ್ಕಿಂತ ಬಲವಾದ ಆಕ್ಷೇಪಣೆ ಬೇರೆಯಿದೆ, ಅದು ನನಗೆ ನಿಜವಾಗಿ ತೊಂದರೆ ಕೊಡುವಂಥದು. ಹೊಂದಿಕೆ ಎಂಬುದು ಕನ್ನಡದಲ್ಲಿ ಮುಗ್ಧ ಪದವಲ್ಲ. "ಹೊಂದಿಕೊಂಡು ಹೋಗಮ್ಮ" ಎಂಬ ಮಾತು ಎಷ್ಟು ಹೆಣ್ಣುಮಕ್ಕಳ ಬಾಯಿ ಮುಚ್ಚಿಸಿದೆಯೋ ಲೆಕ್ಕವಿಲ್ಲ. ನಿನ್ನ ಜಾಗ ಇದು, ಇದಕ್ಕೆ ತಕ್ಕ ಹಾಗೆ ಇರು ಎಂಬ ಮಾತನ್ನೇ ಜಾತಿವ್ಯವಸ್ಥೆ ಧರ್ಮ ಎಂದು ಕರೆಯಿತು. ಸುಖ ಎಂದರೆ ಹೊಂದಿಕೆ ಎನ್ನುವವನು ಇದ್ದದ್ದು ಇದ್ದ ಹಾಗೇ ಇರಲಿ ಎನ್ನುತ್ತಿದ್ದಾನೆಯೆ? ಗಾಲಿಯನ್ನೇ ಮತ್ತೆ ಕೇಳೋಣ. ಹಬ್ಬಿಗೂ ಗಾಲಿಗೂ ಹೊಂದಿಕೆ ತಪ್ಪಿದಾಗ ಯಾವ ಮೆಕ್ಯಾನಿಕ್ಕನೂ ಗಾಲಿಗೆ ಸಹಿಸಿಕೋ ಎಂದು ಹೇಳುವುದಿಲ್ಲ. ಬೇರಿಂಗ್ ಸವೆದಿದ್ದರೆ ಬೇರಿಂಗ್ ಬದಲಿಸುತ್ತಾನೆ, ರಿಮ್ಮು ಸೊಟ್ಟಗಾಗಿದ್ದರೆ ರಿಮ್ಮು, ಎರಡೂ ಸರಿಯಿದ್ದು ನಡುವೆ ಸಂದಿದ್ದರೆ ಉಂಗುರ ಹಾಕುತ್ತಾನೆ. ಸದ್ದು ಬಂದರೆ ಅದು ಗಾಲಿಯ ಅವಿಧೇಯತೆಯ ಗುರುತಲ್ಲ, ಎಲ್ಲೋ ಅಳತೆ ತಪ್ಪಿದೆ ಎಂಬ ವರದಿ. ಮನೆಯಲ್ಲಿ ಹೊಂದಿಕೊಂಡು ಹೋಗು ಎನ್ನುವವರು ಮಾಡುವುದು ಇದರ ಉಲ್ಟಾ: ಅಚ್ಚನ್ನು ಮುಟ್ಟದೆ, ಸದ್ದು ಮಾಡಬೇಡ ಎಂದು ಗಾಲಿಯನ್ನು ಗದರುವುದು. ಅದು ಹೊಂದಿಕೆಯ ಹೆಸರಿನಲ್ಲಿ ನಡೆಯುವ ದುಃಖ. ಹೊಂದಿಕೆ ಎರಡು ಕಡೆಯ ಅಳತೆ ಕೇಳುತ್ತದೆ. ಯಾವ ಕಡೆ ಸವೆದಿದೆಯೋ ಅದನ್ನು ಬದಲಿಸಲು ಸಿದ್ಧರಿರುವವರಿಗಷ್ಟೇ ಆ ಪದ ಬಳಸುವ ಹಕ್ಕಿದೆ. ಸವೆದ ಟೈರನ್ನು ತೆಗೆದು ಹೊಸದು ಹಾಕುವ ಕೆಲಸವೇ ಇದಕ್ಕೆ ಸಾಕ್ಷಿ. ಇದ್ದದ್ದು ಇದ್ದ ಹಾಗೇ ಇರಲಿ ಎನ್ನುವವನು ಟೈರಿನಂಗಡಿಗೆ ಬರುವುದೇ ಇಲ್ಲ.

ಬಾರದವನ ಬಾಯಲ್ಲಿರುವ ಮಾತು ಹಣೆಬರಹ. ಆಗಬೇಕಾದದ್ದು ಆಗಿಯೇ ಆಗುತ್ತದೆ, ಕರ್ಣನಂಥ ಕರ್ಣನ ರಥದ ಗಾಲಿಯೇ ಹೂತುಹೋಯಿತು, ನಮ್ಮದೇನು ಎನ್ನುತ್ತಾನೆ. ಕರ್ಣನನ್ನು ಕರೆತಂದದ್ದು ಒಳ್ಳೆಯದೇ ಆಯಿತು. ಕುರುಕ್ಷೇತ್ರದಲ್ಲಿ ಆ ಗಾಲಿಯನ್ನು ನೆಲ ನುಂಗಿದ್ದು ಸುಮ್ಮನೆ ಅಲ್ಲ, ಒಬ್ಬ ಬ್ರಾಹ್ಮಣನ ಶಾಪದಿಂದ. ಶಾಪ ಬಂದದ್ದು ಆ ಬ್ರಾಹ್ಮಣನ ಹಸು ಕರ್ಣನ ಬಾಣಕ್ಕೆ ಸಿಕ್ಕಿ ಸತ್ತದ್ದರಿಂದ. ಕರ್ಣ ಬೇಕೆಂದು ಕೊಂದದ್ದಲ್ಲ, ಅಭ್ಯಾಸ ಮಾಡುವಾಗ ನೋಡದೆ ಬಿಟ್ಟ ಬಾಣ. ಅಂದರೆ ಮಹಾಭಾರತದಲ್ಲೂ ಗಾಲಿ ಹೂಳುವುದರ ಹಿಂದೆ ವರ್ಷಗಳ ಹಿಂದಿನ ಒಂದು ಅಜಾಗರೂಕತೆ ಕೂತಿದೆ. ಕರ್ಮ ಎಂದರೆ ಕಾರಣವಿಲ್ಲದೆ ಬಂದೆರಗುವುದು ಎಂದು ನಮ್ಮ ಯಾವ ದರ್ಶನವೂ ಹೇಳಿಲ್ಲ. ಕಾರಣ ಇದೆ, ನಿನಗೆ ಕಾಣದಿರಬಹುದು ಎಂದಷ್ಟೇ ಹೇಳಿದ್ದು. ಟೈರಿನ ವಿಷಯದಲ್ಲಿ ಕಾಣುವುದಿಲ್ಲ ಎಂಬ ನೆಪವೂ ಇಲ್ಲ. ಟೈರಿನ ಗೀರುಗಳ ತಳದಲ್ಲಿ ಅಲ್ಲಲ್ಲಿ ಸಣ್ಣ ದಿಣ್ಣೆಗಳಿರುತ್ತವೆ. ರಬ್ಬರು ಸವೆದು ಆ ದಿಣ್ಣೆಯ ಮಟ್ಟಕ್ಕೆ ಬಂದರೆ ಉಳಿದ ಆಳ 1.6 ಮಿಲಿಮೀಟರ್ ಎಂದರ್ಥ. ಕೇಂದ್ರ ಮೋಟಾರು ವಾಹನ ನಿಯಮಗಳು ಕಾರಿಗೆ ಹಾಕಿರುವ ಕನಿಷ್ಠ ಮಿತಿಯೂ ಅದೇ. ಟೈರಿನ ಪಕ್ಕೆಯ ಮೇಲೆ ನಾಲ್ಕು ಅಂಕಿಗಳ ಒಂದು ಮುದ್ರೆ ಇರುತ್ತದೆ. 2319 ಎಂದಿದ್ದರೆ 2019ನೇ ಇಸವಿಯ 23ನೇ ವಾರದಲ್ಲಿ ಆ ಟೈರು ಹುಟ್ಟಿತು. ಹಣೆಬರಹವನ್ನು ಓದಲು ಬಾರದು ಎನ್ನುತ್ತಾರೆ. ಟೈರಿನದನ್ನು ಓದಬಹುದು, ಬಗ್ಗಬೇಕು ಅಷ್ಟೇ.

ಬಗ್ಗುವ ದಿನವೊಂದು ನಮ್ಮಲ್ಲಿ ಇದ್ದೇ ಇದೆ, ಆಯುಧಪೂಜೆ. ಕಾರು ತೊಳೆದು, ಮೂತಿಗೆ ಬಾಳೆಕಂದು ಕಟ್ಟಿ, ಸೇವಂತಿಗೆ ಹಾರ ಹಾಕಿ, ಕುಂಕುಮ ಬಳಿದ ಬೂದುಗುಂಬಳ ಒಡೆದು, ನಾಲ್ಕು ಗಾಲಿಗೂ ಒಂದೊಂದು ನಿಂಬೆಹಣ್ಣು ಇಟ್ಟು ಮುಂದಕ್ಕೆ ಉರುಳಿಸುತ್ತೇವೆ. ಇದನ್ನು ಮೂಢನಂಬಿಕೆ ಎಂದು ನಗುವವರ ಜೊತೆ ನಾನಿಲ್ಲ. ವರ್ಷವಿಡೀ ತನ್ನನ್ನು ಹೊತ್ತ ವಸ್ತುವಿನ ಮುಂದೆ ಒಂದು ದಿನ ಕೈಮುಗಿದು ನಿಲ್ಲುವುದು ಕೃತಜ್ಞತೆಯ ಕೆಲಸ. ಬುದ್ಧಿವಾದಿಗಳು ಇದಕ್ಕೆ ಬದಲಾಗಿ ಕೊಡುವುದು ಹೆಚ್ಚೆಂದರೆ ಸರ್ವಿಸ್ ಬುಕ್ಕಿನ ಒಂದು ಪುಟ. ನನ್ನ ತಕರಾರು ಬೇರೆ. ನಿಂಬೆಹಣ್ಣು ಇಡಲು ಗಾಲಿಯ ಬುಡಕ್ಕೆ ಮುಖ ತಂದವನು ಅಲ್ಲಿಯೇ ಇರುವ ಬಿರುಕನ್ನು ನೋಡದೆ ಎದ್ದರೆ ಪೂಜೆ ಎಲ್ಲಿ ನಡೆಯಿತು? ಪೂಜೆಯ ಮೊದಲ ಅಂಗ ದೇವರನ್ನು ಕಣ್ಣಿಟ್ಟು ನೋಡುವುದು. ಮೂರ್ತಿಗೆ ಅಭಿಷೇಕ ಮಾಡುವ ಅರ್ಚಕ ಅದರ ಬೆರಳಿನ ಸಂದಿಯಲ್ಲಿ ಸಿಕ್ಕಿದ ಹೂವಿನೆಸಳನ್ನೂ ಬಿಡದೆ ತೆಗೆಯುತ್ತಾನೆ. ಆ ಕಣ್ಣು ಗಾಲಿಯ ಮೇಲೆ ಬಿದ್ದರೆ ಪೂಜೆಗೂ ಪರೀಕ್ಷೆಗೂ ಜಗಳವೇ ಇರುವುದಿಲ್ಲ. ಅಂದಹಾಗೆ ಒಡೆದ ಬೂದುಗುಂಬಳವನ್ನು ನಡುರಸ್ತೆಯಲ್ಲೇ ಬಿಟ್ಟು ಹೋಗುವುದರಿಂದ ಪ್ರತಿ ವರ್ಷ ಬೈಕಿನವರು ಜಾರಿ ಬೀಳುತ್ತಾರೆ. ತನ್ನ ಗಾಲಿಯ ದೃಷ್ಟಿ ತೆಗೆದು ಇನ್ನೊಬ್ಬರ ಗಾಲಿಯ ಕೆಳಗೆ ಹಾಕುವುದು ಯಾವ ಶಾಸ್ತ್ರದಲ್ಲಿದೆಯೋ ತಿಳಿಯದು.

ಇನ್ನೊಬ್ಬರ ಮಾತು ಬಂದದ್ದರಿಂದ ದುಡ್ಡಿನ ಪ್ರಶ್ನೆಯನ್ನೂ ಇಲ್ಲೇ ಎತ್ತಬೇಕು. ನಾಲ್ಕು ಟೈರು ಒಟ್ಟಿಗೆ ಬದಲಿಸುವ ಶಕ್ತಿ ಎಲ್ಲರಿಗೂ ಇಲ್ಲ. ಮಗುವಿನ ಶಾಲೆಯ ಫೀಸು ಕಟ್ಟುವ ತಿಂಗಳಲ್ಲಿ ಎರಡೇ ಟೈರಿಗೆ ತೃಪ್ತಿಪಡಬೇಕು. ಹಾಗೆ ಎರಡೇ ಹೊಸತು ಬಂದಾಗ ಅವನ್ನು ಎಲ್ಲಿ ಹಾಕುವುದು? ಸ್ಟೇರಿಂಗ್ ಇರುವುದು ಮುಂದೆ, ಎಂಜಿನ್ ಎಳೆಯುವುದು ಮುಂದೆ, ಆದ್ದರಿಂದ ಹೊಸತು ಮುಂದೆ ಎಂದು ಎಲ್ಲರ ಮನಸ್ಸೂ ಹೇಳುತ್ತದೆ. ಟೈರು ಕಂಪನಿಗಳ ಸಲಹೆ ಇದಕ್ಕೆ ವಿರುದ್ಧ: ಹೊಸತು ಹಿಂದಕ್ಕೆ. ಒದ್ದೆ ರಸ್ತೆಯಲ್ಲಿ ಮುಂದಿನ ಗಾಲಿ ಜಾರಿದರೆ ಕಾರು ನೇರ ಹೋಗುತ್ತದೆ, ಚಾಲಕನ ಕೈಗೆ ಅದು ಗೊತ್ತಾಗುತ್ತದೆ, ವೇಗ ತಗ್ಗಿಸಿದರೆ ಹಿಡಿತ ಮರಳುತ್ತದೆ. ಹಿಂದಿನ ಗಾಲಿ ಜಾರಿದರೆ ಕಾರಿನ ಬಾಲ ಬುಗುರಿಯಂತೆ ತಿರುಗುತ್ತದೆ. ಅಷ್ಟರಲ್ಲಿ ಕೈ ಮೀರಿರುತ್ತದೆ. ಚಾಲಕನಿಗೆ ಕಾಣದ, ಅವನ ಕೈಗೆ ಸಿಗದ ಗಾಲಿಗಳಿಗೇ ಒಳ್ಳೆಯ ರಬ್ಬರು ಸಲ್ಲಬೇಕು. ಹಿಂದಿನ ಸೀಟಿನಲ್ಲಿ ಕೂರುವವರು ಯಾರು ಎಂದು ಯೋಚಿಸಿದರೆ ಇದರಲ್ಲಿ ಒಂದು ನ್ಯಾಯವೂ ಕಾಣುತ್ತದೆ: ಅಜ್ಜಿ, ಮಕ್ಕಳು, ಟೈರಿನ ಆಯ್ಕೆಯಲ್ಲಿ ಯಾರೂ ಅಭಿಪ್ರಾಯ ಕೇಳದವರು. ರಸ್ತೆ ದಾಟಲು ನಿಂತಿರುವ, ನಿಮ್ಮ ಕಾರಿನ ಹೆಸರೂ ಗೊತ್ತಿರದ ಮುದುಕನನ್ನೂ ಈ ಸಾಲಿಗೆ ಸೇರಿಸಬೇಕು. ನಿಮ್ಮ ಬ್ರೇಕಿನ ದೂರದಲ್ಲಿ ಅವನ ಪಾಲೂ ಇದೆ. ಸುಖವನ್ನು ಒಬ್ಬನ ಮನಸ್ಸಿನೊಳಗಿನ ಭಾವ ಎಂದುಕೊಂಡಿದ್ದರೆ ಈ ಮುದುಕನಿಗೆ ಅದರಲ್ಲಿ ಜಾಗ ಸಿಗುತ್ತಿರಲಿಲ್ಲ. ಗಾಲಿಗೂ ಅಚ್ಚಿಗೂ, ಕಾರಿಗೂ ರಸ್ತೆಗೂ, ರಸ್ತೆಗೂ ಅದನ್ನು ದಾಟುವವನಿಗೂ ಇರುವ ಹೊಂದಿಕೆ ಎಂದುಕೊಂಡರೆ ಸಿಗುತ್ತದೆ. ದುಡ್ಡು ಕಡಿಮೆಯಿದ್ದಾಗ ಕೈಬಿಡಬೇಕಾದದ್ದು ಅಲಾಯ್ ವೀಲನ್ನು. ಕಂಪನಿ ಕೊಟ್ಟ ಕಬ್ಬಿಣದ ಡಿಸ್ಕು ಗುಂಡಿಗೆ ಬಿದ್ದು ಸೊಟ್ಟಗಾದರೂ ತಟ್ಟಿ ನೆಟ್ಟಗೆ ಮಾಡಬಹುದು, ಅಲಾಯ್ ಬಿರುಕು ಬಿಟ್ಟರೆ ಎಸೆಯಬೇಕು. ಉಳಿದ ದುಡ್ಡಿಗೆ ಅದೇ ಅಳತೆಯ, ಐಎಸ್‌ಐ ಗುರುತಿನ, ಹುಟ್ಟಿದ ದಿನಾಂಕ ಹತ್ತಿರದ್ದಾಗಿರುವ ಟೈರು ಬರುತ್ತದೆ. ಕಡಿಮೆ ಓಡುವ ಕಾರಿನವರು ಇನ್ನೂ ಬಟನ್ ಇದೆ ಎಂದು ಸಮಾಧಾನ ಪಟ್ಟುಕೊಳ್ಳುತ್ತಾರೆ. ನಿಂತಲ್ಲೇ ನಿಂತರೂ ರಬ್ಬರಿಗೆ ವಯಸ್ಸಾಗುತ್ತದೆ. ಐದು ವರ್ಷ ದಾಟಿದ ಟೈರನ್ನು ವರ್ಷಕ್ಕೊಮ್ಮೆ ತಿಳಿದವರಿಗೆ ತೋರಿಸಿ, ಹತ್ತು ವರ್ಷದ್ದು ಹೇಗೇ ಕಾಣಲಿ ತೆಗೆಯಿರಿ ಎಂಬುದು ತಯಾರಕರೇ ಕೊಡುವ ಸಲಹೆ.

ಅಂಗಡಿಯವನು ಮತ್ತೆ ಕೇಳುತ್ತಾನೆ, ಒಂದು ಸೈಜು ಮೇಲಕ್ಕೆ ಹೋಗೋಣವೇ ಎಂದು. ಉತ್ತರ ಕೊಡುವ ಮುನ್ನ ಚಾಲಕನ ಬಾಗಿಲು ತೆರೆದು ನೋಡಿ. ಬಾಗಿಲಿನ ಚೌಕಟ್ಟಿನ ಮೇಲೆ ಒಂದು ಚೀಟಿ ಅಂಟಿಸಿರುತ್ತದೆ. ಆ ಕಾರಿಗೆ ಯಾವ ಅಳತೆಯ ಟೈರು, ಮುಂದೆ ಎಷ್ಟು ಗಾಳಿ, ಹಿಂದೆ ಎಷ್ಟು, ತುಂಬಿದ ಸಂಸಾರಕ್ಕೆ ಎಷ್ಟು ಎಂದು ಅದರಲ್ಲಿ ಬರೆದಿದೆ.